ಭಟ್ಟಿಯಲ್ಲಿ ನಿಂತ ಜಿಂಕೆ

ಮಯೂರಿ ಆ ಜಿಂಕೆಗೆ ಸಾವೇ ಇಲ್ಲದ ಹಾಗೆ ಮಾಡಿದ್ದು ನನ್ನ ಕಣ್ಣೆದುರಿಗೆ. ಅಂಕಿ ಓದಿ ಹೇಳಿದವಳೂ ನಾನೇ.

ಅಕ್ಕೋಳದ ನಮ್ಮ ಮನೆಯ ಪಡಸಾಲೆಯಲ್ಲಿ ಒಂದು ಕಂಪ್ಯೂಟರ್ ಇದೆ. ತಂದವನು ಮೊಮ್ಮಗ ವೃಷಭ. ಕಬ್ಬಿಗೆ ನೀರು ಬಿಟ್ಟು ಬಂದು ಅದರಲ್ಲಿ ಗೇಮ್ ಆಡುತ್ತಾನೆ. ಅವನ ತಂಗಿ ಮಯೂರಿ ನಿಪ್ಪಾಣಿಯ ಕಾಲೇಜಿಗೆ ಹೋಗುವವಳು. ಅಣ್ಣ ಹೊಲದಲ್ಲಿದ್ದಾಗ ಅವಳೂ ಅದೇ ಗೇಮ್ ಆಡುತ್ತಿದ್ದಳು. ಒಂದು ಕಾಡು, ಕಾಡಿನ ಅಂಚಿಗೆ ಗುಡಿಸಲು. ಮರ ಕಡಿದು, ಸುಣ್ಣ ಸುಟ್ಟು, ಗೋಡೆ ಕಟ್ಟಿ, ಬೇಟೆಯಾಡಿ ಬದುಕಬೇಕು. ಮಯೂರಿ ಬೇಟೆಯನ್ನೇ ಆಡದೆ ಬರೀ ಹಣ್ಣು ಆರಿಸಿಕೊಂಡು ಎರಡು ವರ್ಷ ಆ ಕಾಡಿನಲ್ಲಿದ್ದಳು. ಅಲ್ಲಿ ಒಂದು ಜಿಂಕೆ ಅವಳಿಗೆ ಹೊಂದಿಕೊಂಡು, ಆಟದಲ್ಲಿ ಅವಳಾಗಿ ಓಡಾಡುವ ಬೊಂಬೆ ಹೋದಲ್ಲೆಲ್ಲ ಹಿಂದೆ ಬರುತ್ತಿತ್ತು. ಅದಕ್ಕೆ ಚಂದ್ರಿ ಎಂದು ಹೆಸರಿಟ್ಟಿದ್ದಳು.

ಈ ಚಾತುರ್ಮಾಸದಲ್ಲಿ ಊರಿಗೆ ಬಂದ ಜೈನ ಮಾತಾಜಿಯ ಮುಂದೆ ಮಯೂರಿ ಒಂದು ನಿಯಮ ತೆಗೆದುಕೊಂಡಳು. ಆಟದಲ್ಲಿ ಕೂಡ ಜೀವ ತೆಗೆಯುವುದಿಲ್ಲ, ತೆಗೆಸುವುದಿಲ್ಲ, ತೆಗೆದವರಿಗೆ ಹೂಂ ಅನ್ನುವುದಿಲ್ಲ. ಹಿಟ್ಟಿನಲ್ಲಿ ಮಾಡಿದ ಹಕ್ಕಿಯನ್ನೂ ಕೊಯ್ಯದ ಮನೆತನ ನಮ್ಮದು. ಯಾರಿಗೂ ಇದು ಹೊಸದೆನಿಸಲಿಲ್ಲ. ನನ್ನ ಮಗ ಧನಪಾಲ ಮಾತ್ರ ಹಾರೂಗೇರಿಯಿಂದ ಬಂದ ಬೀಗರ ಎದುರಿಗೆ, ತಂಗಿಯನ್ನು ನೋಡಿ ಕಲಿ, ನೀನು ಅದೇ ಪೆಟ್ಟಿಗೆಯಲ್ಲಿ ದಿನಾ ಕೊಲೆ ಮಾಡುತ್ತೀ ಎಂದು ವೃಷಭನನ್ನು ಬೈದ. ವೃಷಭ ತಲೆ ತಗ್ಗಿಸಿ ಚಹಾ ಕುಡಿದ. ಅವನ ಕಿವಿ ಕೆಂಪಾದದ್ದನ್ನು ನೋಡಿಯೂ ನಾನು ಬೀಗರಿಗೆ ಚಹಾ ಬಗ್ಗಿಸಿದೆ.

ಆ ಕಾಡಿಗೆ ತೋಳಗಳು ಬರತೊಡಗಿದ್ದವು. ಚಂದ್ರಿ ಎಂದಾದರೂ ಸಾಯುವುದೇ ಎಂಬ ಹೆದರಿಕೆ ಮಯೂರಿಗೆ. ಅವಳು ಮೊಬೈಲಿನಲ್ಲಿ ನೋಡಿ, ಗೇಮನ್ನು ತಿದ್ದುವ ವಿದ್ಯೆಯ ಮೊದಲ ಪಾಠ ಕಲಿತಳು. ಆಟ ಎಲ್ಲಿಗೆ ನಿಂತಿತೋ ಅದನ್ನು ಕಂಪ್ಯೂಟರು ಒಂದು ಫೈಲಿನಲ್ಲಿ ಬರೆದಿಡುತ್ತದಂತೆ; ಯಾರು ಎಲ್ಲಿದ್ದಾರೆ, ಯಾರಿಗೆ ಎಷ್ಟು ಜೀವ ಉಳಿದಿದೆ, ಎಲ್ಲವೂ ಅಲ್ಲಿರುತ್ತದಂತೆ. ನಾನು ಅಕ್ಷರ ಕಲಿತದ್ದು ನಾಲ್ವತ್ತಾರನೆಯ ವಯಸ್ಸಿಗೆ, ರಾತ್ರಿ ಶಾಲೆಯಲ್ಲಿ. ನಿಧಾನ ಓದುತ್ತೇನೆ, ಒಂದನ್ನೂ ಬಿಡುವುದಿಲ್ಲ. ಅದಕ್ಕೇ ಅವಳು ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡಳು.

"ಮೊದಲ ಕಾಪಿ ಮಾಡಿ ಇಟ್ಕೋಬೇಕು, ಆಯಿ," ಅಂದಳು. "ನಾವು ಏನರ ಕೆಡಸಿದ್ರೂ ಹಳೇದು ಹಂಗ ಇರ್ತೈತಿ."

ಕಾಪಿ ಇಟ್ಟಳು. ಸಾಲುಸಾಲು ಇಂಗ್ಲಿಷ್ ಅಕ್ಷರಗಳ ನಡುವೆ ಚಂದ್ರಿಯ ಅಂಕಿ ಸಿಕ್ಕಿತು: ನಾಲ್ವತ್ತು. ಅದನ್ನು ಅಳಿಸಿ ಸಾಲಾಗಿ ಐದು ಒಂಬತ್ತುಗಳನ್ನು ಬರೆದಳು. ಗೇಮಿನಲ್ಲಿ ಬೆಳಗಾದಾಗಲೆಲ್ಲ ಜೀವ ಮತ್ತೆ ತುಂಬಿಕೊಳ್ಳುತ್ತದಂತೆ, ಫೈಲಿನಲ್ಲಿ ಬರೆದಿಡುವುದೂ ಆಗಲೇ ಅಂತೆ. ಒಂದು ದಿನದಲ್ಲಿ ಇಷ್ಟನ್ನು ಖಾಲಿ ಮಾಡುವ ಬಾಯಿ ಆ ಕಾಡಿನಲ್ಲಿ ಇರಲಿಲ್ಲ. ತೋಳ ಕಚ್ಚಿತು, ಕಚ್ಚಿ ಕಚ್ಚಿ ಹೋಯಿತು. ಚಂದ್ರಿ ಹುಲ್ಲು ಮೇಯುತ್ತ ನಿಂತಿತ್ತು. ಮಯೂರಿ ನನ್ನ ಕೈ ಹಿಡಿದು ಒತ್ತಿದಳು.

ದಶಲಕ್ಷಣ ಪರ್ವದ ಮೊದಲ ದಿನ ನಾವೆಲ್ಲ ಬಸದಿಗೆ ಹೋಗಿದ್ದಾಗ ವೃಷಭ ತಂಗಿಯ ಆಟ ತೆರೆದ. ಅವಳ ಬೊಂಬೆಯನ್ನು ಸುಣ್ಣದ ಭಟ್ಟಿಯ ಕಡೆಗೆ ನಡೆಸಿದ. ಚಂದ್ರಿ ನಂಬಿಕೊಂಡು ಹಿಂದೆ ಬಂತು. ಅದನ್ನು ಭಟ್ಟಿಯೊಳಗೆ ತಳ್ಳಿ ಬೆಂಕಿ ಹಚ್ಚಿದ. ಆ ಭಟ್ಟಿಗೆ ಬಿದ್ದದ್ದು ಕ್ಷಣದಲ್ಲಿ ಬೂದಿಯಾಗುತ್ತದೆ; ಅದಕ್ಕೇ ಗೇಮ್ ಮಾಡಿದವರು ಹೊರಗೆ ಬರುವ ದಾರಿಯನ್ನೇ ಇಟ್ಟಿರಲಿಲ್ಲ. ಚಂದ್ರಿ ಬೂದಿಯಾಗಲಿಲ್ಲ. ಬೆಂಕಿಯಲ್ಲಿ ನಿಂತು ಕೂಗಿತು. ನಾವು ತಿರುಗಿ ಬಂದಾಗ ಅವನು ಧ್ವನಿ ಏರಿಸಿಟ್ಟು ಕುರ್ಚಿಯಲ್ಲಿ ಕೂತು ಶೇಂಗಾ ತಿನ್ನುತ್ತಿದ್ದ.

ಮಯೂರಿ ಅವನನ್ನು ಏನೂ ಬೈಯಲಿಲ್ಲ. ಯಾಕೆ ಎಂದಷ್ಟೇ ಕೇಳಿದಳು.

"ನಿನ್ನ ನಿಯಮಾ ನಾ ಎಲ್ಲಿ ಮುರದೇನಬೇ?" ಅಂದ ವೃಷಭ. "ಒಂದ ಜೀವಾನೂ ಹೋಗಿಲ್ಲ. ಸಾಯದಂಗ ಮಾಡಿದಾಕಿ ನೀನ."

ಅವಳು ಇಟ್ಟಿದ್ದ ಹಳೆಯ ಕಾಪಿಯನ್ನು ಅವನು ಆಗಲೇ ಅಳಿಸಿದ್ದ. ಕಂಪ್ಯೂಟರ್ ಮುಚ್ಚಿ ತೆರೆದರೂ ಚಂದ್ರಿ ಬೆಂಕಿಯಲ್ಲೇ ಇರುತ್ತಿತ್ತು. ಜಿಂಕೆ ನಿಂತ ಜಾಗವನ್ನು ಫೈಲಿನಲ್ಲಿ ಬದಲಿಸಲು ಅವಳು ಎರಡು ದಿನ ಹುಡುಕಿದಳು. ಸಾವಿರಾರು ಸಾಲು, ತಪ್ಪು ಸಾಲು ತಿದ್ದಿದರೆ ಗೇಮೇ ತೆರೆಯುತ್ತಿರಲಿಲ್ಲ. ಅವಳು ಕಲಿತದ್ದು ಒಂದೇ ಪಾಠ, ಅವಳಿಗೆ ಗೊತ್ತಿದ್ದದ್ದು ಒಂದೇ ಅಂಕಿ. ಅದನ್ನು ಸೊನ್ನೆ ಮಾಡಿದರೆ ಚಂದ್ರಿಗೆ ಬಿಡುಗಡೆ. ಆದರೆ ಅದು ಕೊಲೆ.

ಜಿಂಕೆ ಹೊರಗೆ ಬರುವವರೆಗೆ ತನಗೆ ಅನ್ನ ಬೇಡ ಎಂದು ಮೊದಲ ದಿನವೇ ನನಗೊಬ್ಬಳಿಗೆ ಹೇಳಿ ಅವಳು ಉಪವಾಸ ಹಿಡಿದಿದ್ದಳು. ದಿನಕ್ಕೊಮ್ಮೆ ಕಾಯಿಸಿದ ನೀರು, ಅಷ್ಟೇ. ಮೊದಲೇ ಮೈಯಲ್ಲಿ ರಕ್ತ ಕಡಿಮೆ ಇದ್ದ ಹುಡುಗಿ. ಮನೆಯವರು ಅದನ್ನು ಪರ್ವದ ಹತ್ತು ದಿನದ ಉಪವಾಸ ಎಂದುಕೊಂಡರು. ಧನಪಾಲ ಹಿಗ್ಗಿಹೋದ. ನಿಪ್ಪಾಣಿಯಲ್ಲಿ ಬ್ಯಾನರ್ ಮಾಡಿಸಿ, ಅವಳ ಫೋಟೋ ಹಾಕಿಸಿ ಬಾಗಿಲಿಗೆ ಕಟ್ಟಿದ. ಹೆಂಗಸರು ಬಂದು ಅವಳ ಕಾಲು ಮುಟ್ಟಿ ಹೋಗತೊಡಗಿದರು. ಅವರು ಬಂದಾಗ ವೃಷಭ ಧ್ವನಿ ತಗ್ಗಿಸುತ್ತಿದ್ದ. ಹೋದ ಮೇಲೆ ಏರಿಸುತ್ತಿದ್ದ.

ನಾನು ಧನಪಾಲನಿಗೆ ನಿಜ ಹೇಳಿದೆ. ಅವನು ಬ್ಯಾನರಿನ ಹಗ್ಗ ಬಿಗಿಯುತ್ತಿದ್ದ.

"ಅವ್ವಾ, ಅದು ಚಿತ್ರ. ಚಿತ್ರಕ್ಕ ಎಲ್ಲೀ ಉರಿ?" ಅಂದ. "ಹತ್ತ ದಿನಾ ಆಗಲಿ, ಸುಮ್ನಿರು. ಮಂದಿ ಬರಾಕತ್ತೈತಿ."

ಅದೇ ಚಿತ್ರಕ್ಕೆ ಮೊನ್ನೆ ಮಗನನ್ನು ಕೊಲೆಗಾರ ಎಂದವನು ಅವನೇ.

ಆರನೆಯ ದಿನ ಮಯೂರಿ ಬಚ್ಚಲ ಬಾಗಿಲಲ್ಲಿ ಬಿದ್ದಳು. ತಾಯಿ ಮನಿಷಾ ಎತ್ತಿ ಮಲಗಿಸಿದಳು. ತುಟಿ ಬೆಳ್ಳಗಾಗಿತ್ತು. ಇನ್ನು ನಾಲ್ಕು ದಿನ ಇವಳು ತಡೆಯುವುದಿಲ್ಲ ಎಂದು ನನಗೆ ತಿಳಿಯಿತು. ಹತ್ತಿರ ಕೂತು, ಆ ಅಂಕಿ ಎಷ್ಟನೆಯ ಸಾಲಿನಲ್ಲಿದೆ ಎಂದು ಕೇಳಿದೆ.

ಅವಳು ಗೋಡೆಯ ಕಡೆಗೆ ಮುಖ ತಿರುಗಿಸಿದಳು. "ಕೇಳಬ್ಯಾಡ, ಆಯಿ. ಹೇಳಿದ್ರೂ ನಾನ ಕೊಂದಂಗ."

ಮಧ್ಯಾಹ್ನ ಗಂಡಸರು ಬಸದಿಯಲ್ಲಿದ್ದರು. ನಾನು ಕನ್ನಡಕ ಒರೆಸಿಕೊಂಡು ಕಂಪ್ಯೂಟರಿನ ಮುಂದೆ ಕೂತೆ. ಅವಳು ಒತ್ತುತ್ತಿದ್ದ ಹಾಗೆಯೇ ಒತ್ತಿ ಫೈಲ್ ತೆರೆದೆ. ಇಂಗ್ಲಿಷ್ ನನಗೆ ಬಾರದು. ಆ ಐದು ಒಂಬತ್ತುಗಳು ಮಾತ್ರ ಗುರುತಿದ್ದವು. ಬೆರಳಿಟ್ಟು ಒಂದೊಂದೇ ಸಾಲು ಇಳಿದೆ. ಬಾಗಿಲ ಬಿಸಿಲು ಒಳಗೆ ಬಂದು ನನ್ನ ಪಾದ ದಾಟಿ ಗೋಡೆ ಮುಟ್ಟಿದಾಗ ಅದು ಸಿಕ್ಕಿತು.

ಒಂದೊಂದಾಗಿ ಒಂಬತ್ತು ಅಳಿಸಿದೆ. ಕೊನೆಯದೊಂದು ಉಳಿದಾಗ ಕೈ ನಿಂತಿತು. ಹೊತ್ತು ಮುಳುಗಿದ ಮೇಲೆ ಒಂದು ಅಗುಳು ತಿನ್ನದೆ, ಕಾಲಿಡುವ ಮುನ್ನ ನೆಲ ನೋಡುತ್ತ ಎಪ್ಪತ್ತೈದು ವರ್ಷ ನಡೆದವಳು ನಾನು. ಚಿತ್ರ ಎಂದು ಧನಪಾಲ ಹೇಳಿದ್ದನ್ನು ನೆನೆಸಿಕೊಳ್ಳಲು ನೋಡಿದೆ, ಆಗಲಿಲ್ಲ. ಅದನ್ನೂ ಅಳಿಸಿ ಸೊನ್ನೆ ಬರೆದೆ. ಸೇವ್ ಮಾಡಿ ಗೇಮ್ ತೆರೆದೆ. ಭಟ್ಟಿ ಉರಿಯುತ್ತಿತ್ತು. ಒಳಗೆ ಯಾರೂ ಇರಲಿಲ್ಲ. ಕೂಗು ನಿಂತಿತ್ತು.

"ಹೋತವ್ವ," ಎಂದು ಮಯೂರಿಗೆ ಹೇಳಿದೆ. ಅವಳು ನನ್ನ ಮುಖವನ್ನೂ ನೋಡಿದಳು, ಕೈಯನ್ನೂ ನೋಡಿದಳು. ಹೇಗೆ ಎಂದು ಕೇಳಲಿಲ್ಲ. ಮನಿಷಾ ಹೆಸರುಬೇಳೆಯ ನೀರು ತಂದಳು. ಮಯೂರಿ ಎದ್ದು ಕೂತು ಎರಡೂ ಕೈಯಿಂದ ಲೋಟ ಹಿಡಿದಳು.

ಆ ಹೊತ್ತಿಗೆ ವೃಷಭ ಬಂದ. ಪಡಸಾಲೆ ಸದ್ದಿಲ್ಲದೆ ಇದ್ದದ್ದನ್ನು ಕಂಡು ಕೋಣೆಯ ಬಾಗಿಲಿಗೆ ಬಂದು ನಿಂತ. ಮೊದಲು ತಂಗಿಯನ್ನು, ಆಮೇಲೆ ನನ್ನನ್ನು ನೋಡಿದ. ನಿಧಾನ ನಕ್ಕ.

"ಆಯಿ, ನೀ ಕೊಂದಿ? ನಾ ಒಲ್ಲದ ಕೆಲಸಾ ನೀ ಮಾಡಿದಿ."

ಶರ್ಟಿನ ಕಿಸೆಯಿಂದ ಪೆನ್‌ಡ್ರೈವ್ ತೆಗೆದು ತೋರಿಸಿದ. ಭಟ್ಟಿಗೆ ತಳ್ಳಿದ ದಿನದಿಂದ ಪ್ರತಿದಿನದ ಆಟದ ಕಾಪಿಯೂ ಅದರಲ್ಲಿತ್ತಂತೆ.

"ಮೊದಲ ಕಾಪಿ ಇಟ್ಕೋಬೇಕು," ಅಂದ. "ನಿನ್ನ ಮೊಮ್ಮಗಳು ನಿನಗ ಇದನ್ನ ಕಲಸಲಿಲ್ಲೇನು?"

ಅವನು ಪಡಸಾಲೆಗೆ ಹೋದ. ಸ್ವಲ್ಪ ಹೊತ್ತಿಗೆ ಚಂದ್ರಿಯ ಕೂಗು ಕೇಳಿಸಿತು. ಮಯೂರಿ ಒಂದು ಹನಿಯೂ ಚೆಲ್ಲದ ಹಾಗೆ ಲೋಟವನ್ನು ನೆಲದ ಮೇಲಿಟ್ಟು ಮಲಗಿದಳು. ಹೊರಗೆ ಯಾರೋ ಬಂದ ಸದ್ದಾಯಿತು, ಧ್ವನಿ ತಗ್ಗಿತು. ಮೂವರು ಹೆಂಗಸರು ಒಳಗೆ ಬಂದು ಅವಳ ಕಾಲು ಮುಟ್ಟಿದರು. ಒಬ್ಬಳು, ನೀವು ಪುಣ್ಯವಂತರು ಎಂದು ನನ್ನ ಕಾಲನ್ನೂ ಮುಟ್ಟಿದಳು.

ಮರುದಿನ ಮಧ್ಯಾಹ್ನ ನಾನು ಮತ್ತೆ ಆ ಕುರ್ಚಿಯಲ್ಲಿ ಕೂತೆ. ಸಾಲು ಹುಡುಕಲು ಈ ಸಲ ಹೆಚ್ಚು ಹೊತ್ತು ಹಿಡಿಯಲಿಲ್ಲ.