ಒಂಬತ್ತನೇ ನಂಬರಿನ ಮೇಲೆ ಕಣ್ಣು

ಎರಡೇ ಎರಡು ವಾರ ಅಂದಿದ್ದರು ನಮ್ಮ ಯಜಮಾನರು. ಫುಟ್‌ಬಾಲ್ ಕ್ಲಬ್ಬಿನವರು ಕೊಡುವ ಫ್ಲ್ಯಾಟು ಇನ್ನೂ ಖಾಲಿಯಾಗಿಲ್ಲವಂತೆ, ಅಲ್ಲಿಯವರೆಗೆ ಆ ಡಚ್ ಹುಡುಗಿ ನಮ್ಮ ಚಿಕ್ಕ ರೂಮಿನಲ್ಲಿ ಇರುತ್ತಾಳಂತೆ, ಊಟತಿಂಡಿಗೆ ಅವಳದ್ದೇನೂ ತಕರಾರಿಲ್ಲವಂತೆ. ನನ್ನನ್ನು ಒಂದು ಮಾತು ಕೇಳದೆ ಹೂಂ ಅಂದು ಬಂದಿದ್ದರು ಮಹಾರಾಯರು. ಏನಾಡುತ್ತಾಳೆ ಅವಳು ಎಂದು ಕೇಳಿದ್ದಕ್ಕೆ, "ಫಾರ್ವರ್ಡ್ ಕಣೇ, ಗೋಲ್ ಹೊಡಿಯೋಳು" ಅಂದರು.

ಅಷ್ಟು ಸಾಕಾಯಿತು ನನ್ನ ಹೊಟ್ಟೆಗೆ ಕಿಚ್ಚು ಬೀಳಲು. ಗೋಲು ಹೊಡೆಯುವವಳು ನಮ್ಮ ಮನೆಯಲ್ಲಿ ಆಗಲೇ ಒಬ್ಬಳಿದ್ದಳು. ನಾನು ಹೆತ್ತ ಮಗಳು, ಮೀರಾ.

ಇದು ಎರಡು ಸಾವಿರದ ಐದನೇ ಇಸವಿಯ ಮಾತು. ನಂದಕುಮಾರ ಅವರಿಗೆ, ಅಂದರೆ ನಮ್ಮ ಯಜಮಾನರಿಗೆ, ಸ್ವೀಡನ್ನಿನ ಓರೆಬ್ರೂ ಯೂನಿವರ್ಸಿಟಿಯಲ್ಲಿ ಸಂಶೋಧನೆಯ ಕೆಲಸ. ನಾವು ಈ ಊರಿಗೆ ಬಂದಾಗ ಮೀರಾ ಇನ್ನೂ ಸಣ್ಣವಳು. ಅವಳು ಸ್ವೀಡಿಷ್ ಕಲಿತದ್ದೇ ಫುಟ್‌ಬಾಲ್ ಮೈದಾನದಲ್ಲಿ. ಪುಟ್ಟ ಹುಡುಗಿಯರ ತಂಡದಿಂದ ಹಿಡಿದು ಅವಳ ಬೆನ್ನ ಮೇಲಿದ್ದದ್ದು ಒಂದೇ ನಂಬರು, ಒಂಬತ್ತು. ಹದಿನೆಂಟು ತುಂಬಿದ ಆ ವರ್ಷ ದೊಡ್ಡವರ ತಂಡಕ್ಕೆ ಹೋದಳು. ಹಳೆಯ ಫಾರ್ವರ್ಡ್ ಆಟ ಬಿಟ್ಟಿದ್ದಳು. ಕೋಚ್ ಉಲ್ರಿಕಾ "ಈ ಸಲ ನಿನ್ನ ಸರದಿ" ಅಂದಿದ್ದಳು. ನಾನೋ, ಓರೆಬ್ರೂ ಬಿಡಿ, ಸ್ಟಾಕ್‌ಹೋಮಿನ ಕನ್ನಡದವರ ಮನೆಮನೆಗೂ ಫೋನ್ ಮಾಡಿ ಹೇಳಿಕೊಂಡಿದ್ದೆ. ಹೇಳಿಕೊಳ್ಳದೆ ಇರಬೇಕಿತ್ತು.

ಬಂದಳು ಫೆನ್ನಾ. ಬಾಗಿಲಿನಷ್ಟು ಎತ್ತರ, ಮುಖದ ತುಂಬ ಮಚ್ಚೆ, ಭುಜಕ್ಕೊಂದು ದೊಡ್ಡ ಚೀಲ. "ಹಾಯ್ ಸುಲೋಚನಾ" ಅಂದಳು. ಈ ದೇಶದಲ್ಲಿ ಪೋಸ್ಟ್‌ಮ್ಯಾನ್ ಕೂಡ ನನ್ನನ್ನು ಹೆಸರು ಹಿಡಿದೇ ಕರೆಯುತ್ತಾನೆ, ನನಗೇನೂ ಅನ್ನಿಸುವುದಿಲ್ಲ. ಆದರೆ ಇಪ್ಪತ್ತರ ಆ ಪೋರಿಯ ಬಾಯಲ್ಲಿ ಕೇಳಿದಾಗ ಮೈಯೆಲ್ಲ ಉರಿದುಹೋಯಿತು.

ಮೊದಲ ದಿನವೇ ಸಾರನ್ನಕ್ಕೆ ಕೈ ಹಾಕಿ ಕಲಸಿ, ತಟ್ಟೆ ಬಳಿದು ತಿಂದಳು. ಚಮಚ ಕೊಟ್ಟರೂ ಬೇಡ ಅಂದಳು. ನಮ್ಮ ಮೀರಾ ಆಗ ಮನೆಯಲ್ಲಿ ಬರೀ ಪಾಸ್ತಾ ತಿನ್ನುತ್ತಿದ್ದ ಕಾಲ. "ನೋಡೇ, ಹೇಗೆ ಊಟ ಮಾಡ್ತಾಳೆ ನೋಡು" ಅಂತ ಯಜಮಾನರು ಮಗಳಿಗೆ ತೋರಿಸಿದರು. ನಾನು ಪಾತ್ರೆಗಳನ್ನು ಸ್ವಲ್ಪ ಜೋರಾಗಿಯೇ ಸಿಂಕಿಗೆ ಹಾಕಿದೆ.

ಎರಡು ವಾರ ಹೋಗಿ ಎರಡು ತಿಂಗಳಾಯಿತು, ಕ್ಲಬ್ಬಿನ ಫ್ಲ್ಯಾಟಿನ ಸುದ್ದಿಯೇ ಇಲ್ಲ. ದಿನಾ ಊಟದ ಹೊತ್ತಿಗೆ ಅವಳ ಪುರಾಣ. ಕೇಳಲು ಕೂತವರು ಯಜಮಾನರು ಮತ್ತು ಮೀರಾ. ನಾನು ಬಡಿಸುವವಳು, ಕಿವಿ ಮುಚ್ಚಿಕೊಳ್ಳಲು ಕೈ ಖಾಲಿ ಇರುತ್ತಿರಲಿಲ್ಲ.

ಅವಳದು ಸಮುದ್ರದ ಏರಿಯ ಪಕ್ಕದ ಒಂದು ಹಳ್ಳಿಯಂತೆ. ಅಲ್ಲಿ ಹುಡುಗಿಯರ ತಂಡವೇ ಇರಲಿಲ್ಲ. ಅಣ್ಣನ ಬೂಟಿಗೆ ಪೇಪರು ತುರುಕಿಕೊಂಡು ಹುಡುಗರ ಜೊತೆ ಆಡಿದಳಂತೆ. ಬೇರೆ ಊರಿಗೆ ಮ್ಯಾಚಿಗೆ ಹೋದರೆ ಎದುರಿನ ಹುಡುಗರು ಮೊದಲು ನಗುತ್ತಿದ್ದರಂತೆ, ಇವಳು ಗೋಲು ಹೊಡೆದ ಮೇಲೆ ಕಾಲಿಗೇ ಒದೆಯುತ್ತಿದ್ದರಂತೆ. ಆಮೇಲೆ ಪಟ್ಟಣದಲ್ಲಿ ಹುಡುಗಿಯರ ತಂಡ ಸಿಕ್ಕಿತು. ಎದುರುಗಾಳಿಯಲ್ಲಿ ಏರಿಯ ಮೇಲೆ ಸೈಕಲ್ ತುಳಿದು ಹೋಗುವುದು, ಕತ್ತಲಲ್ಲಿ ವಾಪಸು ಬರುವುದು. ರಜೆಯಲ್ಲಿ ಟುಲಿಪ್ ಗೆಡ್ಡೆ ವಿಂಗಡಿಸುವ ಶೆಡ್ಡಿನಲ್ಲಿ ಕೂಲಿ ಮಾಡಿ ಬೂಟು ಕೊಂಡಳು. ಅವಳ ದೇಶದ ಕಿರಿಯರ ತಂಡಕ್ಕೂ ಆಡಿದಳು. ಆದರೆ ಅಲ್ಲಿ ಹೆಂಗಸರು ಆಟ ನಂಬಿ ಬದುಕುವ ಹಾಗಿರಲಿಲ್ಲ. ಯಾವುದೋ ಟೂರ್ನಮೆಂಟಿನಲ್ಲಿ ನಮ್ಮ ಉಲ್ರಿಕಾ ನೋಡಿ, ಬಾ ಅಂದಳು. ಹರಕುಮುರುಕು ಸ್ವೀಡಿಷ್ ಕಲಿತುಕೊಂಡು ಬಂದುಬಿಟ್ಟಳು. ಇಲ್ಲಿ ಬಸ್ ಕಾರ್ಡು, ಇರಲು ಜಾಗ, ಬೆಳಗಿನ ಹೊತ್ತು ಡಾಗಿಸ್‌ನಲ್ಲಿ ಚಿಕ್ಕ ಮಕ್ಕಳನ್ನು ನೋಡಿಕೊಳ್ಳುವ ಕೆಲಸ, ಮಧ್ಯಾಹ್ನದಿಂದ ಆಟ.

"ನಿಮ್ಮಮ್ಮ ಒಬ್ಬಳನ್ನೇ ಕಳಿಸಿದ್ರಾ?" ಎಂದು ಒಮ್ಮೆ ತಡೆಯಲಾರದೆ ಕೇಳಿದೆ.

"ಅಮ್ಮಂಗೆ ಆಟ ಇಷ್ಟ ಇಲ್ಲ. ನನ್ನ ಒಂದು ಮ್ಯಾಚೂ ನೋಡಿಲ್ಲ" ಅಂದಳು. ಇನ್ನೊಂದು ಚಪಾತಿ ಕೇಳಿದಳು. ಮುಖದಲ್ಲಿ ಏನೂ ಇರಲಿಲ್ಲ. ಏನೂ ಇಲ್ಲದಿದ್ದದ್ದೇ ಸ್ವಲ್ಪ ಜಾಸ್ತಿ ಅನ್ನಿಸಿತು, ಆದರೆ ಕನಿಕರಪಡಲು ನನಗೆ ಪುರುಸೊತ್ತಿರಲಿಲ್ಲ.

ಯಾಕೆಂದರೆ ಆ ಹೊತ್ತಿಗೆ ಒಂಬತ್ತನೇ ನಂಬರು ಅವಳಿಗೆ ಹೋಗಿತ್ತು. ಮೀರಾಗೆ ಹತ್ತೊಂಬತ್ತು ಕೊಟ್ಟು ಬೆಂಚಿನ ಮೇಲೆ ಕೂರಿಸಿದ್ದರು. "ಇರಲಿ ಬಿಡಮ್ಮ, ಅವಳು ನನಗಿಂತ ಚೆನ್ನಾಗಿ ಆಡ್ತಾಳೆ" ಅಂದಳು ನನ್ನ ಮಗಳು. ಇಂಥ ಮಾತು ಆಡುವವಳನ್ನು ನಾನೇ ಹೆತ್ತೆನಾ ಅನ್ನಿಸಿತು.

ನಮ್ಮೂರ ಮ್ಯಾಚುಗಳಲ್ಲಿ ಅಪ್ಪ ಅಮ್ಮಂದಿರೇ ಸರದಿಯಲ್ಲಿ ಕಿಯೋಸ್ಕ್ ನಡೆಸಬೇಕು. ಕಾಫಿ, ಬನ್ನು, ಸಾಸೇಜು ಮಾರಬೇಕು. ಸಾಸೇಜು ನಾನು ಮುಟ್ಟುವುದಿಲ್ಲ, ಅದು ಯಜಮಾನರ ಪಾಲು. ಆ ಬೇಸಿಗೆ ನಾನು ಕಾಫಿಯ ಪಾಲನ್ನೂ ಅವರ ತಲೆಗೇ ಕಟ್ಟಿ, ಬಂದು ಮೈದಾನದ ಅಂಚಿನ ಕಟಕಟೆ ಹಿಡಿದು ನಿಂತುಬಿಡುತ್ತಿದ್ದೆ. ಯಾರನ್ನು ನೋಡಲು? ಬೆಂಚಿನ ಮೇಲಿದ್ದ ಮಗಳನ್ನಲ್ಲ. ಅವಳನ್ನು! ಓಟ ಕೀಳುವ ಮುಂಚೆ ಜೆರ್ಸಿಯ ಎಡ ತೋಳಿನ ಅಂಚು ಎಳೆದುಕೊಳ್ಳುತ್ತಾಳೆ. ಚೆಂಡು ಬಲಕ್ಕೆ ಬಂದರೆ ಮೊದಲು ಎಡಕ್ಕೆ ನೋಡಿ ಎದುರಿನವಳಿಗೆ ಮೋಸ ಮಾಡುತ್ತಾಳೆ. ಗೋಲು ಹೊಡೆದರೆ ಕುಣಿಯುವುದಿಲ್ಲ, ತಲೆಯೆತ್ತಿ ಒಂದು ಸಲ ಜನರ ಕಡೆ ನೋಡುತ್ತಾಳೆ. ಅವಳ ಒಂದೊಂದು ಹೆಜ್ಜೆಯೂ ನನಗೆ ಬಾಯಿಪಾಠವಾಗಿತ್ತು. ಒಂದೊಂದು ಗೋಲಿಗೂ ನನ್ನ ಹೊಟ್ಟೆಯೊಳಗೆ ಕೆಂಡ ಸುರಿದ ಹಾಗಾಗುತ್ತಿತ್ತು.

ಶರತ್ಕಾಲದ ಕೊನೆಯ ಮ್ಯಾಚು ನಮ್ಮ ಊರಲ್ಲೇ. ಹತ್ತೊಂಬತ್ತರ ಒಳಗಿನವರ ಸ್ವೀಡನ್ ತಂಡಕ್ಕೆ ಆಟಗಾರ್ತಿಯರನ್ನು ಆರಿಸುವವರು ಅವತ್ತು ಬರುತ್ತಾರೆ, ಮೀರಾಳ ಹೆಸರೂ ಅವರ ಕಿವಿಗೆ ಬಿದ್ದಿದೆ ಎಂದು ಉಲ್ರಿಕಾ ಹೇಳಿದಳು. ನೋಡಲು ಬರುತ್ತಾರೆ ಸರಿ, ಬೆಂಚಿನ ಮೇಲೆ ಕೂತವಳನ್ನು ಏನೆಂದು ನೋಡುತ್ತಾರೆ? ಮುಂದಿನ ವರ್ಷಕ್ಕೆ ಅವಳ ವಯಸ್ಸು ಮೀರುತ್ತದೆ. ಇದ್ದದ್ದು ಇದೊಂದೇ ಅವಕಾಶ. ನಾನು ಬಾಯಿಬಿಟ್ಟು ಯಾರಿಗೂ ಕೆಟ್ಟದ್ದು ಬಯಸಲಿಲ್ಲ. ಬಾಯಿ ಬಿಡದೆ ಏನು ಬಯಸಿದೆ ಎಂದು ಕೇಳಬೇಡಿ.

ಅದೇ ವಾರ ಪ್ರಾಕ್ಟೀಸಿನಲ್ಲಿ ಫೆನ್ನಾಳ ಕಾಲು ಉಳುಕಿತು. ಮೀರಾಳ ಹೆಗಲು ಹಿಡಿದು ಕುಂಟುತ್ತ ಬಂದಳು. ಪಾದದ ಗಂಟು ಬದನೆಕಾಯಿಯಂತೆ ಊದಿತ್ತು. ಊತ ಇಳಿಯದಿದ್ದರೆ ಭಾನುವಾರ ಮೊದಲಿನಿಂದಲೂ ಮೀರಾನೇ ಆಡುವುದು ಎಂದು ಉಲ್ರಿಕಾ ಹೇಳಿದ್ದಳು. ನಾನು ಒಳಗೆ ಹೋಗಿ ರವೆ ಹುರಿದೆ. ತುಪ್ಪ ಸುರಿದು, ದ್ರಾಕ್ಷಿ ಗೋಡಂಬಿ ಹಾಕಿ ಕೇಸರಿಬಾತ್ ಮಾಡಿದೆ. ಕುರ್ಚಿಯ ಮೇಲೆ ಕಾಲಿಟ್ಟು ಐಸು ಒತ್ತಿಕೊಂಡಿದ್ದ ಫೆನ್ನಾ ಎರಡು ಸಲ ಹಾಕಿಸಿಕೊಂಡಳು.

"ನನಗೋಸ್ಕರ ಮಾಡಿದ್ರಾ, ಸುಲೋಚನಾ?" ಅಂದಳು, ಕಣ್ಣರಳಿಸಿ.

ಹೂಂ ಅಂದೆ. ಇನ್ನೇನು ಹೇಳಲಿ?

ಶುಕ್ರವಾರ ಮಧ್ಯಾಹ್ನ ಮೀರಾ ಅಡುಗೆಮನೆಗೆ ಬಂದಳು. "ಅಮ್ಮ, ಅವಳಿಗೆ ದೃಷ್ಟಿ ತೆಗಿ. ನನಗೆ ತೆಗೀತಿದ್ಯಲ್ಲ, ಹಾಗೆ."

"ತಲೆ ನೆಟ್ಟಗಿದೆಯೇನೇ ನಿಂಗೆ? ಭಾನುವಾರ ಯಾರು ಬರ್ತಾರೆ ಅಂತ ಗೊತ್ತು ತಾನೇ?"

"ಗೊತ್ತಮ್ಮ. ಅವಳ ಕಾಲು ಉಳುಕಿದ್ದಕ್ಕೆ ನಾನು ಆಡಿದ್ರೆ, ಅವರು ನೋಡೋದು ನನ್ನ ಆಟ ಅಲ್ಲ. ಪ್ಲೀಸ್, ತೆಗಿ."

ಅವಳ ಕಣ್ಣು ತುಂಬಿತ್ತು. ಆಡಬೇಕೆಂಬ ಆಸೆ ಅವಳಿಗೂ ಇತ್ತು, ಸುಳ್ಳೇಕೆ. ಆದರೂ ಕೇಳಿದಳು. ನನಗೆ ಬಂದ ಸಿಟ್ಟಿಗೆ ಉಪ್ಪಿನ ಡಬ್ಬಿಯ ಮುಚ್ಚಳ ಎಲ್ಲಿ ಎಸೆದೆನೋ, ಆಮೇಲೆ ಸಿಗಲೇ ಇಲ್ಲ.

ದೃಷ್ಟಿಯ ವಿಷಯ ನಮ್ಮ ಮನೆಯಲ್ಲಿ ಹೀಗೆ. ಉಪ್ಪು, ಒಣಮೆಣಸಿನಕಾಯಿ ನಿವಾಳಿಸಿ ಸುಟ್ಟರೆ ಮನೆಯೆಲ್ಲ ಘಾಟು ಎದ್ದು ಕೆಮ್ಮು ಬರಬೇಕು. ಬಂದರೆ ದೃಷ್ಟಿ ಇರಲಿಲ್ಲ ಅಂತ ಅರ್ಥ. ಘಾಟೇ ಬರದಿದ್ದರೆ, ಯಾರದ್ದೋ ಕಣ್ಣು ಗಟ್ಟಿಯಾಗಿ ಬಿದ್ದಿತ್ತು ಅಂತ. ಈ ದೇಶಕ್ಕೆ ಬಂದ ಹೊಸತರಲ್ಲಿ ಒಮ್ಮೆ ಸುಟ್ಟಾಗ ಹೊಗೆಯ ಅಲಾರಾಂ ಹೊಡೆದುಕೊಂಡು, ಮೇಲಿನ ಮನೆಯ ಮುದುಕಿ ಚಪ್ಪಲಿ ಸಮೇತ ಓಡಿ ಬಂದಿದ್ದಳು. ಅಂದಿನಿಂದ ಒಲೆಯ ಮೇಲಿನ ಫ್ಯಾನ್ ಹಾಕಿಯೇ ಸುಡುವುದು. ಘಾಟೆಲ್ಲ ಅದೇ ಎಳೆದುಕೊಳ್ಳುತ್ತದೆ, ಯಾರ ಕಣ್ಣು ಬಿದ್ದಿತ್ತೋ ಬಿಟ್ಟಿತ್ತೋ ಗೊತ್ತಾಗುವುದಿಲ್ಲ.

ಅವತ್ತು ನಾನು ಫ್ಯಾನ್ ಹಾಕಲಿಲ್ಲ. ಯಜಮಾನರನ್ನು ಕರೆದು ಅಲಾರಾಮಿನ ಬ್ಯಾಟರಿ ತೆಗೆಸಿದೆ. ನನಗೆ ಗೊತ್ತಾಗಬೇಕಿತ್ತು.

ಫೆನ್ನಾಳನ್ನು ಪೂರ್ವಕ್ಕೆ ಮುಖ ಮಾಡಿ ಕೂರಿಸಿದೆ. ಮುಷ್ಟಿಯಲ್ಲಿ ಉಪ್ಪು ಮೆಣಸಿನಕಾಯಿ ಹಿಡಿದು ಸುತ್ತಿಸಲು ಶುರುಮಾಡಿದೆ. "ಹಾದಿ ಕಣ್ಣು, ಬೀದಿ ಕಣ್ಣು, ನಾಯಿ ಕಣ್ಣು, ನರಿ ಕಣ್ಣು..." ಮೀರಾ ಪಕ್ಕದಲ್ಲಿ ನಿಂತು ಒಂದೊಂದನ್ನೂ ಸ್ವೀಡಿಷ್‌ನಲ್ಲಿ ಹೇಳುತ್ತಿದ್ದಳು. ನರಿ ಅಂದಾಗ ಫೆನ್ನಾ ನಕ್ಕಳು. "ಅಕ್ಕಪಕ್ಕದವರ ಕಣ್ಣು, ಹೆತ್ತ ತಾಯಿ ಕಣ್ಣು..."

ಫೆನ್ನಾ ಕೈ ಎತ್ತಿದಳು. "ಅದನ್ನ ಬಿಟ್ಟುಬಿಡಿ" ಅಂದಳು. "ಅಮ್ಮ ನನ್ನ ಆಟ ನೋಡೇ ಇಲ್ಲ. ಅವಳ ಕಣ್ಣು ಹೇಗೆ ಬೀಳುತ್ತೆ?"

ಒಂದು ಕಣ್ಣನ್ನು ಬಿಟ್ಟ ಜಾಗದಲ್ಲಿ ಇನ್ನೊಂದನ್ನು ಹೇಳಬೇಕಲ್ಲ. ಹೇಳಿದೆ. "ಅನ್ನ ಹಾಕಿದವಳ ಕಣ್ಣು." ಮೀರಾ ನನ್ನ ಮುಖವನ್ನೇ ನೋಡಿದಳು. ಅದನ್ನು ಸ್ವೀಡಿಷ್‌ನಲ್ಲಿ ಹೇಳಲಿಲ್ಲ.

ಮೂರು ಸಲ ಥೂ ಅನ್ನಿಸಿ, ಕಾದ ಹೆಂಚಿಗೆ ಹಾಕಿದೆ. ಮೆಣಸಿನಕಾಯಿ ಊದಿತು, ಕಪ್ಪಾಯಿತು, ಉಪ್ಪು ಚಟಪಟ ಅಂದಿತು. ನಾಲ್ಕೂ ಜನ ಮೂಗು ಮುಂದೆ ಮಾಡಿ ನಿಂತಿದ್ದೆವು. ಯಾರೂ ಕೆಮ್ಮಲಿಲ್ಲ.

"ಬ್ಯಾಡಗಿ ಮೆಣಸಿನಕಾಯಿ ಕಣೇ ಅದು, ಖಾರ ಕಮ್ಮಿ" ಅಂದರು ಯಜಮಾನರು, ದೊಡ್ಡ ವಿಜ್ಞಾನಿ.

"ನೀವು ಸುಮ್ನಿರ್ತೀರಾ?" ಅಂದೆ.

ಭಾನುವಾರದ ಹೊತ್ತಿಗೆ ಊತ ಇಳಿದಿತ್ತು. ಐಸಿನಿಂದಲೋ ಮೆಣಸಿನಕಾಯಿಯಿಂದಲೋ, ನಿಮಗೆ ಬೇಕಾದ್ದು ಅಂದುಕೊಳ್ಳಿ. ಪಾದಕ್ಕೆ ಪಟ್ಟಿ ಬಿಗಿದುಕೊಂಡು ಒಂಬತ್ತನೇ ನಂಬರು ಮೈದಾನಕ್ಕೆ ಇಳಿಯಿತು. ನನ್ನ ಮಗಳು ಬೆಂಚಿಗೆ ಹೋದಳು. ಆರಿಸಲು ಬಂದ ದಪ್ಪ ಕನ್ನಡಕದ ಹೆಂಗಸು ನನ್ನ ಹತ್ತಿರವೇ ಕಾಫಿ ತೆಗೆದುಕೊಂಡು ಹೋಗಿ ಗ್ಯಾಲರಿಯ ಮೇಲೆ ಕೂತಳು. ಅವಳ ಕಪ್ಪಿಗೆ ಸಕ್ಕರೆ ಜಾಸ್ತಿ ಹಾಕಿಬಿಟ್ಟೆ.

ನಾನು ಕಟಕಟೆಗೆ ಹೋಗಲಿಲ್ಲ. ಮೈದಾನಕ್ಕೆ ಬೆನ್ನು ಮಾಡಿ ಬನ್ನು ಜೋಡಿಸುತ್ತ ನಿಂತೆ. ನನ್ನ ಕಣ್ಣಿನ ಬಲ ನನಗೆ ಗೊತ್ತಾಗಿತ್ತಲ್ಲ, ಮತ್ತೆ ಬೀಳುವುದು ಬೇಡ. ಹಿಂದಿನಿಂದ ಒಮ್ಮೆ ಹೋ ಎಂದು ಕೂಗು ಎದ್ದಿತು. "ಫೆನ್ನಾ ಹೊಡೆದ್ಲು!" ಎಂದು ಯಜಮಾನರು ಸಾಸೇಜಿನ ಚಿಮಟ ಹಿಡಿದೇ ಕುಣಿದರು. ನಾನು ತಿರುಗಲಿಲ್ಲ.

ಅರ್ಧ ಆಟ ಮುಗಿದು ಹುಡುಗಿಯರು ಒಳಗೆ ಹೋಗುವಾಗ ಅವಳು ಕಿಯೋಸ್ಕಿನ ಮುಂದೆ ನಿಂತಳು. ಬೆವರು ಸುರಿಯುತ್ತಿತ್ತು. "ನೋಡಿದ್ರಾ?"

"ಇಲ್ಲ, ಕೆಲಸ ಇತ್ತು."

"ಯಾವಾಗ್ಲೂ ಅಲ್ಲೇ ನಿಂತಿರ್ತೀರಿ" ಎಂದು ಕಟಕಟೆಯ ಕಡೆ ಕೈ ತೋರಿಸಿದಳು. "ಗೋಲ್ ಹೊಡೆದು ನೋಡ್ದೆ. ನೀವಿರಲಿಲ್ಲ."

ಅದೇ ಮುಖ. ಇನ್ನೊಂದು ಚಪಾತಿ ಕೇಳಿದಾಗಿನ, ಏನೂ ಇಲ್ಲದ ಮುಖ. ಅಯ್ಯೋ ನನ್ನ ಕರ್ಮವೇ! ಇಡೀ ಬೇಸಿಗೆ ಅವಳು ತಲೆಯೆತ್ತಿ ನೋಡುತ್ತಿದ್ದದ್ದು ಜನರನ್ನಲ್ಲ. ಹೊಟ್ಟೆ ಉರಿದುಕೊಂಡು ನಿಂತಿರುತ್ತಿದ್ದ ನನ್ನನ್ನು.

ಆಟ ಮತ್ತೆ ಶುರುವಾದಾಗ ನಾನು ಕಟಕಟೆಯ ಹತ್ತಿರ ಹೋದೆ. ಅವಳು ಎಡ ತೋಳಿನ ಅಂಚು ಎಳೆದುಕೊಂಡಳು. ಹೊಟ್ಟೆ ಉರಿಯಿತು. ಉರಿಯದೆ ಇರುತ್ತದೆಯೇ? ಪಕ್ಕಕ್ಕೆ ಕಣ್ಣು ಹಾಯಿಸಿದರೆ ಬೆಂಚಿನ ಮೇಲೆ ನನ್ನ ಕೂಸು ಕಾಲು ಕುಣಿಸುತ್ತ ಕೂತಿದೆ. ಆದರೂ ನಾನು ಕಣ್ಣು ಮುಚ್ಚಲಿಲ್ಲ. "ಓಡೇ! ಓಡೇ ಕತ್ತೆ!" ಎಂದು ಗಂಟಲು ಹರಿಯುವ ಹಾಗೆ ಕೂಗಿದೆ. ಓಡಿದಳು. ಇನ್ನೊಂದು ಗೋಲಾಯಿತು. ತಲೆಯೆತ್ತಿ ನೋಡಿದಳು. ನಾನಿದ್ದೆ.

ಮೀರಾಳನ್ನು ಕೊನೆಯ ಕೆಲವೇ ನಿಮಿಷಗಳಿಗೆ ಇಳಿಸಿದರು. ಒಂದು ಸಲ ಚೆಂಡು ಸಿಕ್ಕಿತು, ಚೆನ್ನಾಗಿಯೇ ತಳ್ಳಿದಳು. ಅಷ್ಟರಲ್ಲಿ ದಪ್ಪ ಕನ್ನಡಕದ ಹೆಂಗಸು ಸ್ಟಾಕ್‌ಹೋಮಿನ ಟ್ರೈನಿಗೆ ಹೊತ್ತಾಯಿತೆಂದು ಎದ್ದು ಹೋಗಿದ್ದಳು. ಅವಳು ಕೂತಿದ್ದ ಜಾಗದಲ್ಲಿ ಕಾಫಿ ಕಪ್ಪು ಅರ್ಧ ಹಾಗೇ ಇತ್ತು.

ಆಟ ಮುಗಿದ ಕೂಡಲೇ ಫೆನ್ನಾ ಕುಂಟುತ್ತ ನೇರವಾಗಿ ನನ್ನ ಹತ್ತಿರ ಬಂದಳು. ಹಿಂದೆಯೇ ಮೀರಾ.

"ಈ ಸಲ ನೋಡಿದ್ರಾ?"

ನನಗೆ ಸ್ವೀಡಿಷ್ ಬಾಯಿಗೆ ಬರಲಿಲ್ಲ. ಕನ್ನಡದಲ್ಲೇ ಅಂದುಬಿಟ್ಟೆ, ಒಂದೇ ಉಸಿರಿಗೆ. "ನೋಡ್ದೆ ಕಣೇ. ಹೊಟ್ಟೆ ಉರ್ಕೊಂಡೇ ನೋಡ್ದೆ. ನನ್ನ ಮಗಳ ಭಾನುವಾರ ತಿಂದುಬಿಟ್ಯಲ್ಲೇ ನೀನು."

ಏನಂದರು ಎನ್ನುವಂತೆ ಫೆನ್ನಾ ಹಿಂದೆ ತಿರುಗಿದಳು.

ಮೀರಾ ನನ್ನನ್ನೇ ನೋಡುತ್ತಿದ್ದಳು. ಅವಳ ಜೆರ್ಸಿಗೆ ಒಂದು ಚೂರು ಮಣ್ಣೂ ಹತ್ತಿರಲಿಲ್ಲ. ಜೆರ್ಸಿಯ ತುದಿಯಿಂದ ಮೂಗು ಒರೆಸಿಕೊಂಡು, ಅವಳಿಗೆ ಸ್ವೀಡಿಷ್‌ನಲ್ಲಿ ನಿಧಾನವಾಗಿ ಹೇಳಿದಳು.

"ನೀನು ತುಂಬಾ ಚೆನ್ನಾಗಿ ಆಡ್ದೆ ಅಂತಿದ್ದಾರೆ ಅಮ್ಮ."