ಗವಿಕೊಳ್ಳದ ಧ್ಯಾನಪೀಠಗಳು

ಅಬಿಡ್ಸ್‌ನ ಅಂಚೆ ಕಚೇರಿಯ ಹಿಂದಿನ ಬೀದಿಯಲ್ಲಿದ್ದ ಆ ಆಫೀಸು ಪ್ರವಾಸಿ ಕೈಪಿಡಿಗಳನ್ನು ತಯಾರಿಸುತ್ತಿತ್ತು. ಕನ್ನಡದ ಪುಟ ಬರೆಯುವುದು ಗುಣವತಿಯ ಕೆಲಸ. ಈ ಸಲ ಬಂದದ್ದು ಅವಳದೇ ಊರು, ಬಳ್ಳಾರಿ ಕಡೆಯ ಗವಿಕೊಳ್ಳ. ಅಲ್ಲೊಂದು ರೆಸಾರ್ಟ್ ಏಳುತ್ತಿತ್ತು. ಕೈಪಿಡಿಯ ಖರ್ಚು ಅದರ ಮಾಲೀಕನದು.

ಭೂಗೋಳ ಸಲೀಸಾಗಿ ಮುಗಿಯಿತು. ಎರಡೂ ಕಡೆ ಕೆಂಪು ಗುಡ್ಡ, ನಡುವೆ ಹಳ್ಳ, ಕೆಳಗಿನ ಬಯಲು ಬಿಸಿಲಿಗೆ ಬೇಯುವಾಗಲೂ ಇಲ್ಲಿ ಬೆಳಗಿನ ಹೊತ್ತು ಕಂಬಳಿ ಬೇಕು. ಇತಿಹಾಸಕ್ಕೆ ಪಾಳೇಗಾರನ ಕೋಟೆಯ ಒಂದು ಗೋಡೆ ಉಳಿದಿತ್ತು. ಗಣಿಯವರು ಮೂಡಣ ಗುಡ್ಡದ ನೆತ್ತಿ ಕೆರೆದುಕೊಂಡು ಹೋದದ್ದನ್ನೂ ಬರೆದಿದ್ದಳು. ಸಂಪಾದಕ ಕೇದಾರ ಅದನ್ನು ಹೊಡೆದುಹಾಕಿದ. ರಸ್ತೆಯ ವಿಷಯವನ್ನೂ ಹೊಡೆದುಹಾಕಿದ. ಅವ್ವನಿಗೆ ಹಾವು ಕಚ್ಚಿದಾಗ ಇಲ್ಲದ ರಸ್ತೆ ರೆಸಾರ್ಟಿಗೆ ಒಂದೇ ಬೇಸಿಗೆಯಲ್ಲಿ ಬಂದಿತ್ತು.

ಪ್ರೇಕ್ಷಣೀಯ ಸ್ಥಳಗಳ ಚಿತ್ರಗಳು ಮಧ್ಯಾಹ್ನ ಬಂದವು. ಒಂದರಲ್ಲಿ ಚಪ್ಪಡಿಯ ಮೇಲೆ ಹುಡುಗಿಯೊಬ್ಬಳು ಕಣ್ಣು ಮುಚ್ಚಿ, ಕಾಲು ಮಡಚಿ ಕೂತಿದ್ದಳು. ಕೆಳಗೆ ‘ಪ್ರಾಚೀನ ಋಷಿಗಳ ಧ್ಯಾನಪೀಠಗಳು’ ಎಂದಿತ್ತು. ಚಪ್ಪಡಿಯ ಒಂದು ಮೂಲೆ ಮುರಿದಿತ್ತು. ಟ್ರ್ಯಾಕ್ಟರಿನಿಂದ ಇಳಿಸುವಾಗ ಅವಳಣ್ಣ ಮೋಹನನ ಕೈಜಾರಿ ಮುರಿದದ್ದು.

ಗುಣವತಿ ನೇರ ಕೇದಾರನ ಕೋಣೆಗೆ ನುಗ್ಗಿದಳು. ರೆಸಾರ್ಟಿನ ಮಾಲೀಕ ವಿನಾಯಕ, ಬೆಂಗಳೂರಿನವನು, ಎದುರು ಕೂತು ಚಹಾ ಕುಡಿಯುತ್ತಿದ್ದ.

“ಈ ಫೋಟೋ ತಗೀರಿ ಸರ್.”

“ಯಾಕ್ರೀ? ಏಕದಂ ಮಸ್ತ್ ಐತಲ್ಲ,” ಎಂದ ಕೇದಾರ.

“ಆಕಿ ಕುಂತಿರೋದು ನಮ್ಮವ್ವನ ನೆತ್ತಿ ಮ್ಯಾಲ.”

“ಅರೇ, ಏನ್ ಮಾತಾಡಾಕತ್ತೀರಿ?”

“ನಮ್ಮ ಮಂದಿ ಸತ್ತವರನ್ನ ಸುಡಂಗಿಲ್ರೀ. ಕುಂದ್ರಿಸಿ ಮಣ್ಣು ಮಾಡ್ತೀವಿ. ಮ್ಯಾಲೊಂದು ಚಪ್ಪಡಿ ಹಾಸ್ತೀವಿ. ಅಲ್ಲಿರೋವು ಎಲ್ಲಾ ಗೋರಿ. ಯಾವ ಋಷಿನೂ ಆ ಕಡೆ ಹಾಯ್ದಿಲ್ಲ.”

ಕೇದಾರನ ಮುಖದಲ್ಲಿ ನಾಚಿಕೆಯಾದರೂ ಕಾಣುತ್ತದೆ ಎಂದುಕೊಂಡಿದ್ದಳು. ಅವನು ವಿನಾಯಕನ ಕಡೆ ನೋಡಿದ. ವಿನಾಯಕ ಕಪ್ಪು ಕೆಳಗಿಟ್ಟ.

“ಸ್ಮಶಾನಾನಾ? ಕಾಟೇಜಿನ ಕಿಟಕಿ ತೆಗೆದ್ರೆ ಕಾಣೋದೇ ಅದಲ್ರೀ! ನಿಮ್ಮೂರಿನವರೇ ಋಷಿ ಪೀಠ ಅಂದ್ರು. ಅದಕ್ಕೇ ಅಷ್ಟು ಜಾಗ ಮುಟ್ಟದೆ ಬಿಟ್ಟಿದ್ದೆ.” ಆಗಲೇ ಫೋನು ಕಿವಿಗಿತ್ತು. “ಹಲೋ, ಆ ಇಳಿಜಾರಿನ ಕಲ್ಲೆಲ್ಲ ಇವತ್ತೇ ಎತ್ತಿಸಿ. ಹೂಂ, ಎಲ್ಲಾನೂ. ಮಟ್ಟ ಮಾಡಿ ಲಾನ್ ಹಾಕ್ಸಿ. ಜೆಸಿಬಿ ಅಲ್ಲೇ ಇದ್ಯಲ್ಲ.”

“ಕಲ್ಲಿನ ಕೆಳಗ ನಮ್ಮ ಮಂದಿ ಅದಾರ್ರೀ!”

“ನಕ್ಷೆಯಲ್ಲಿ ಸ್ಮಶಾನ ಅಂತ ಇಲ್ಲಮ್ಮ. ಜಾಗ ನನ್ನ ಲೀಸಿನಲ್ಲಿದೆ. ಸುಳ್ಳು ಹೇಳಿದ್ದು ಅವರು, ನಾನಲ್ಲ.”

“ಗುಣವತಿ, ಗರಂ ಆಗಬ್ಯಾಡ್ರಿ,” ಎಂದ ಕೇದಾರ. “ಆ ಪ್ಯಾರಾದಾಗ ‘ವಿಶಾಲ ಹುಲ್ಲುಹಾಸು’ ಅಂತ ಬರದು ಬಿಡ್ರಿ, ಖತಂ.”

“ನೀವ ಬರ್ಕೊಳ್ರಿ. ನಿಮ್ಮ ಮಂದೀನೂ ಅಲ್ಲೇ ಹುಗದು ಬರೀರಿ.”

ಬ್ಯಾಗು ಎತ್ತಿಕೊಂಡು ಹೊರಬಿದ್ದಳು. ಮೆಟ್ಟಿಲ ಮೇಲೇ ಮೋಹನನಿಗೆ ಫೋನು ಹಚ್ಚಿದಳು. ಜೆಸಿಬಿಯ ಮಾತಿಗಿಂತ ಮೊದಲು ಸಿಟ್ಟೇ ಬಾಯಿಗೆ ಬಂತು.

“ಅವ್ವನ ಗೋರಿ ಮ್ಯಾಲ ಕಂಡವರನ್ನ ಕುಂದ್ರಾಕ ಬಿಟ್ಟೀಯಲ್ಲ, ನಾಚಿಕಿ ಆಗಲಿಲ್ಲೇನು ನಿನಗ?”

“ಕುಂತ್ರ ಏನಾತು? ಕುಂತು ಎದ್ದು ಹೋಗ್ತಾರ,” ಎಂದ ಮೋಹನ. “ಗೋರಿ ಅಂದಿದ್ರ ಮೊದಲನೇ ದಿನಾನ ಕಿತ್ತು ಒಗಿತಿದ್ರು. ಹಳ್ಳದ ಆಚಿ ಇದ್ದವು ಹಂಗ ಹೋದ್ವು, ಕಾರ್ ನಿಲ್ಲಸಾಕ ಜಾಗ ಬೇಕಂತ. ಅದಕ್ಕ ಊರವರೆಲ್ಲ ಕೂಡಿ ಋಷಿ, ಪೀಠ ಅಂತ ಹೇಳಿದ್ವಿ.”

“ನನಗ ಯಾಕ ಹೇಳಲಿಲ್ಲ?”

“ನೀ ಬಾಯಿ ಬಿಡ್ತೀ ಅಂತ. ಏ ಗುಣಾ... ಯಾರಿಗರ ಹೇಳಿದ್ಯೇನು?”

“ಮಾಲಕನ ಮುಂದ ಹೇಳೀನಿ. ಜೆಸಿಬಿಗೆ ಹೇಳಿಬಿಟ್ಟಾನ. ಓಡಣ್ಣಾ, ಮಂದೀನ ಕರಕೊಂಡು ಓಡು!”

ಅವನು ಬೈದದ್ದು ಪೂರ್ತಿ ಕೇಳಲಿಲ್ಲ, ಫೋನು ಕಟ್ಟಾಯಿತು. ಊರಿನ ಬಸ್ಸು ಹಿಡಿಯಲು ಅವಳು ಬಸ್ ಸ್ಟ್ಯಾಂಡಿಗೆ ಆಟೋ ಹತ್ತಿದಳು. ಸುಲ್ತಾನ್ ಬಜಾರಿನ ಹತ್ತಿರ ಸಂದಣಿಯಲ್ಲಿ ಆಟೋ ನಿಂತೇಬಿಟ್ಟಿತು. “ಜಲ್ದಿ ಚಲೋ ಭಾಯ್!” ಎಂದು ಅರಚಿದಳು. “ಉಡಕೇ ಜಾವೂಂ ಕ್ಯಾ?” ಎಂದ ಚಾಲಕ, ಹಾರಿ ಹೋಗಲೇನು ಎನ್ನುವಂತೆ ಆಕಾಶ ತೋರಿಸಿ.

ಫೋನು ಬಂತು. ಮೋಹನ ಸ್ಪೀಕರಿಗೆ ಹಾಕಿದ್ದ. ಯಂತ್ರದ ಗುರುಗುಟ್ಟು, ಗಂಡಸರ ಕೂಗಾಟ.

“ಒಂದು ಎತ್ಯಾರ. ಬಾಕಿದವಕ್ಕ ಅಡ್ಡ ನಿಂತೀವಿ,” ಎಂದ ಮೋಹನ. “ಯಾರು ಬಾಯಿ ಬಿಟ್ರು ಅಂತ ಎಲ್ಲಾರೂ ಕೇಳಾಕತ್ತಾರ. ನೀನ ಹೇಳು.”

“ನಾನ ಹೇಳಿದ್ದು,” ಎಂದಳು ಗುಣವತಿ.

ಗದ್ದಲದೊಳಗಿಂದ ದೊಡ್ಡವ್ವ ಅಂಬವ್ವನ ದನಿ ಹತ್ತಿರ ಬಂತು. “ಮೂಳೀ, ಕುಂತಾಕಿನ್ನ ಎಬ್ಬಿಸಿದ್ಯಲ್ಲೇ! ಓದಿ ಶಾಣ್ಯಾಕಿ ಆಗಿ ಅವ್ವನ್ನ ಎಬ್ಬಿಸಿದ್ಯಲ್ಲೇ!”

“ಎತ್ತಿದ್ದು ಯಾರದು ದೊಡ್ಡವ್ವಾ? ಅವ್ವನ್ದೇನು?”

ಯಂತ್ರ ಮತ್ತೆ ಗುಡುಗಿತು, ಯಾರೋ ‘ಹಿಂದ ಸರೀಲೇ’ ಎಂದು ಚೀರಿದರು. ಗುಣವತಿ ಚಾಲಕನ ಕೈಗೆ ನೋಟು ತುರುಕಿ ಇಳಿದು, ಫೋನು ಕಿವಿಗೆ ಒತ್ತಿಕೊಂಡು, ಬಟ್ಟೆ ಅಂಗಡಿಗಳ ಜನರನ್ನು ಮೊಣಕೈಯಿಂದ ತಳ್ಳುತ್ತ ಬಸ್ ಸ್ಟ್ಯಾಂಡಿನ ಕಡೆ ಓಡಿದಳು.