ಅಡ್ಡಗೋಡೆಗೆ ಬಾಗಿಲು

ಗೋಡೆ ಒಡೆದು ಬಾಗಿಲು ಇಡುವುದು ಯಾರಿಗಾದರೂ ಬರುವ ಕೆಲಸ ಎಂದು ಜನ ತಿಳಿದಿದ್ದಾರೆ. ಅಂಥವರ ಮೇಲೆ ನನಗೆ ಮೊದಲಿನಿಂದಲೂ ಸಿಟ್ಟು. ಮೂವತ್ತೆರಡು ವರ್ಷದ ಮೇಸ್ತ್ರಿ ನಾನು. ಕೆಲಸದ ವಿಷಯದಲ್ಲಿ ಯಾರ ಮಾತನ್ನೂ ಕೇಳಿದವನಲ್ಲ. ಒಬ್ಬಳ ಮಾತನ್ನಾದರೂ ಕೇಳಬೇಕಿತ್ತು ಎಂದು ಈಗ ಅನಿಸುತ್ತದೆ.

ಕಲ್ಲುಗುಂಡಿಯಲ್ಲಿ ಮಾರ್ಗದ ಬದಿಗೇ ಶಿಹಾಬನ ಮನೆ. ಅದಕ್ಕೆ ತಾಗಿಕೊಂಡು ಅವನ ಅಕ್ಕ ಸುಹರಾಳದ್ದು. ಎರಡಕ್ಕೂ ನಡುವೆ ಒಂದೇ ಕೆಂಪುಕಲ್ಲಿನ ಗೋಡೆ, ಮೇಲೆ ಒಂದೇ ತಾರಸಿ. ಅವರ ತಾಯಿ ಶಿಹಾಬನ ಬದಿಯಲ್ಲಿ ಸೊಂಟದ ಮೂಳೆ ಮುರಿದು ಮಲಗಿದ್ದರು. ಸ್ವಲ್ಪ ಎತ್ತಿದರೂ ಪ್ರಾಣ ಹೋದಂತೆ ಕೂಗುತ್ತಿದ್ದರು. ಸುಹರಾ ದಿನಕ್ಕೆ ಮೂರು ಸಲ ಮಾರ್ಗಕ್ಕಿಳಿದು, ತಮ್ಮನ ಮನೆ ಹತ್ತಿ, ತಾಯಿಗೆ ಗಂಜಿ ಕುಡಿಸಿ ಬರುತ್ತಿದ್ದಳು.

ಅಷ್ಟರಲ್ಲಿ ಸುಹರಾಳ ಗಂಡ ಅಹ್ಮದ್ ಕುಂಞಿ ತೀರಿಕೊಂಡರು. ಅವಳು ಇದ್ದತ್ ಕೂತಳು. ನಾಲ್ಕು ತಿಂಗಳು ಹತ್ತು ದಿನ ವಿಧವೆ ಮನೆಯೊಳಗೇ ಇರುವ ಕ್ರಮ ಅದು. ಅಗತ್ಯ ಬಿದ್ದರೆ ಹಗಲು ಹೋಗಬಹುದು ಎಂದು ಮಸೀದಿಯ ಉಸ್ತಾದರೇ ಹೇಳಿದರೂ ಒಪ್ಪಲಿಲ್ಲ. ಇಪ್ಪತ್ತಾರು ವರ್ಷ ಜೊತೆಗಿದ್ದವರಿಗೆ ಇಷ್ಟನ್ನಾದರೂ ಸರಿಯಾಗಿ ಮಾಡುತ್ತೇನೆ ಎಂದಳಂತೆ. ಆಚೆ ಬದಿಯ ತಾಯಿಗೆ ಅಳಿಯ ಸತ್ತದ್ದನ್ನು ಎಷ್ಟು ಸಲ ಹೇಳಿದರೂ ಮರೆತುಹೋಗುತ್ತಿತ್ತು. "ಸುಹರಾ ಎಂತಕ್ಕೆ ಬರುದಿಲ್ಲ? ನನ್ನ ಮೇಲೆ ಕೋಪವಾ?" ಎಂದು ಕೇಳುವುದು, ಸೊಸೆ ಜುಮಾನಾ ಚಮಚ ಹಿಡಿದರೆ ಮುಖ ತಿರುಗಿಸುವುದು.

ನಡುಗೋಡೆಗೆ ಬಾಗಿಲು ಇಟ್ಟರೆ ಎರಡೂ ಒಂದೇ ಮನೆಯಾಗುತ್ತದಲ್ಲ ಎಂದು ಶಿಹಾಬ್ ನನ್ನನ್ನು ಕರೆಸಿದ.

"ಚೆನ್ನಪ್ಪಣ್ಣ, ಎರಡು ದಿನದಲ್ಲಿ ಆಗುದಿಲ್ವಾ?"

"ಎಂತ ಮಾರಾಯ, ಮೇಲೆ ತಾರಸಿಯ ಭಾರ ಉಂಟು. ಮೊದಲು ಅಕ್ಕನ ಬದಿಯಿಂದ ಗೋಡೆಯ ಅರ್ಧ ದಪ್ಪ ಕೊರೆದು, ಭಾರ ಹೊರುವ ಕಾಂಕ್ರೀಟ್ ಲಿಂಟಲ್ ಹಾಕ್ಬೇಕು, ಏಳು ದಿನ ನೀರು ಕುಡಿಸ್ಬೇಕು. ಮತ್ತೆ ನಿನ್ನ ಬದಿಯಿಂದ ಅರ್ಧ, ಪುನಃ ಏಳು ದಿನ. ಅದರ ಮೇಲೆಯೇ ಕೆಳಗಿನ ಕಲ್ಲು ತೆಗೆಯುದು."

ಅವನು ಒಪ್ಪಿಕೊಂಡ. ನಾನು ಹೇಳಿದ್ದರಲ್ಲಿ ಸುಳ್ಳೇನೂ ಇರಲಿಲ್ಲ.

ಮೊದಲ ದಿನ ಸುಹರಾಳ ಬದಿಯ ಕೆಲಸ ಮುಗಿಸಿ ಉಳಿ ತೊಳೆಯುತ್ತಿದ್ದಾಗ ಒಳಕೋಣೆಯ ಪರದೆಯ ಹಿಂದಿನಿಂದ ಸುಹರಾಳ ಸ್ವರ ಕೇಳಿತು.

"ಚೆನ್ನಪ್ಪಣ್ಣ, ಬಾಗಿಲು ನಿಧಾನಕ್ಕೆ ಆಗಲಿ. ಉಮ್ಮನ ಮಂಚದ ಹತ್ತಿರ ಒಂದು ಕಲ್ಲು ತೆಗೆದು ಕೊಡ್ತೀರಾ? ನನ್ನ ಮುಖ ಕಂಡರೆ ಸಾಕು ಅವರಿಗೆ. ಕೈ ಹಾಕಿ ಎರಡು ಚಮಚ ಗಂಜಿ ಕೊಡ್ತೇನೆ."

ಒಂದು ಕಲ್ಲು ತೆಗೆದರೆ ಆ ಗೋಡೆಗೆ ಏನೂ ಆಗುತ್ತಿರಲಿಲ್ಲ. ಅದು ನನಗೆ ಆಗಲೂ ಗೊತ್ತಿತ್ತು. ಆದರೆ ನನ್ನ ಕೆಲಸಕ್ಕೆ ಇನ್ನೊಬ್ಬರು ದಾರಿ ತೋರಿಸುವುದೇ ಎಂದು ತಲೆ ಬಿಸಿಯಾಯಿತು.

"ಲಿಂಟಲ್ ಗಟ್ಟಿಯಾಗುವ ವರೆಗೆ ಒಂದು ಕಲ್ಲೂ ಮುಟ್ಲಿಕ್ಕಿಲ್ಲ. ಅರ್ಜೆಂಟಿದ್ರೆ ಬೇರೆ ಮೇಸ್ತ್ರಿಯನ್ನು ಕರೀರಿ" ಎಂದೆ.

ಅವಳು ಮತ್ತೆ ಕೇಳಲಿಲ್ಲ.

ಹತ್ತನೆಯ ದಿನ ಬೆಳಿಗ್ಗೆ ಶಿಹಾಬನ ಬದಿಯ ಲಿಂಟಲಿಗೆ ನೀರು ಹಾಕಲು ಹೋದರೆ ಅಂಗಳದ ತುಂಬ ಗಂಡಸರು. ತಾಯಿ ನಸುಕಿನ ಸುಬಹಿ ನಮಾಜಿನ ಹೊತ್ತಿಗೆ ತೀರಿಕೊಂಡಿದ್ದರು. ನಾನು ಸುಹರಾಳ ಮನೆಯೊಳಗೆ ಹೋದೆ. ಅವಳು ಪರದೆ ಸರಿಸಿ ನೇರ ನನ್ನೆದುರು ಬಂದು ನಿಂತಳು. ಗೋಡೆಯನ್ನು ನೋಡಿದಳು.

ಸುತ್ತಿಗೆ ತೆಗೆದುಕೊಂಡೆ. ಆಚೆ ಬದಿಗೆ ಹಾಕಿ ಎರಡೇ ದಿನವಾದ ಲಿಂಟಲಿನ ಕೆಳಗೆ, ಆಧಾರಕ್ಕೊಂದು ಕಂಬ ಕೂಡ ಕೊಡದೆ ಹೊಡೆದೆ. ಅರ್ಧ ಗಂಟೆ ಸಾಕಾಯಿತು. ಮಣ್ಣಿನ ಹುಡಿ ಇಳಿಯುವ ಮೊದಲೇ ಅವಳು ಬಗ್ಗಿ ಆಚೆ ಹೋದಳು.

"ಕೋಪ ಇರಲಿಲ್ಲ ಉಮ್ಮಾ" ಎಂದದ್ದು ಈಚೆಗೆ ಕೇಳಿತು. ಅವರ ಬ್ಯಾರಿ ಭಾಷೆಯಲ್ಲಿ ಅಂದದ್ದು, ನನಗೂ ಅರ್ಥವಾಗುವಷ್ಟು ಬ್ಯಾರಿ ಬರುತ್ತದೆ.

ನಾನು ತಾರಸಿಯನ್ನೇ ನೋಡುತ್ತಾ ನಿಂತೆ. ಏನಾದರೂ ಬೀಳಲಿ, ನಾನು ಹೇಳಿದ್ದು ಸರಿ ಎಂದಾಗಲಿ ಎಂದು ಆ ಹೊತ್ತಿನಲ್ಲೂ ಕಾದೆ. ಒಂದು ಹರಳೂ ಉದುರಲಿಲ್ಲ.